ಪಟ್ಟಿಗೆ ಸೇರಿದ ಮುಯ್ಯಿ

ಮುನಿಶಾಮಮ್ಮನ ಮನೆಗೆ ಕೋರ್ಟಿನ ಅಮೀನ ಹೋದ ದಿನ ಅಲ್ಲಿ ಲಗ್ನಪತ್ರಿಕೆಗಳ ಮೂಲೆಗೆ ಅರಿಶಿನ ಹಚ್ಚುತ್ತಿದ್ದರು. ಕೆ.ಆರ್. ಪುರದ ಹಳೇ ಊರಿನಲ್ಲಿ ಅದು ದೊಡ್ಡ ಮನೆ. ಹೊಲಗಳು ಹೋಗಿ ಅವುಗಳ ಜಾಗದಲ್ಲಿ ಬಾಡಿಗೆ ಮನೆಗಳು ಎದ್ದಮೇಲೂ ಆ ಮನೆಯ ಮಾತಿನ ತೂಕ ಇಳಿದಿರಲಿಲ್ಲ. ಮೊಮ್ಮಗ ಸುನಿಲನ ಮದುವೆಯೆಂದು ಪಡಸಾಲೆಯ ತುಂಬ ನೆಂಟರ ಹೆಂಗಸರು ಸೇರಿದ್ದರು. ಅವರ ನಡುವೆ ನಿಂತು ಅಮೀನ, ಮುನಿಶಾಮಮ್ಮ ಅಂದರೆ ಯಾರು ಎಂದು ಕೇಳಿ, ಹೆಬ್ಬೆಟ್ಟು ಒತ್ತಿಸಿಕೊಂಡು, ಒಂದು ನೋಟೀಸು ಕೊಟ್ಟು ಹೊರಟುಹೋದ. ಸೊಸೆ ಅದನ್ನು ಗಟ್ಟಿಯಾಗಿ ಓದಿದಳು. ಹಲಸೂರಿನ ಹಂಸ ಎಂಬಾಕೆ ದಿವಾಳಿಯಾಗಿದ್ದೇನೆಂದು ಅರ್ಜಿ ಹಾಕಿಕೊಂಡಿದ್ದಾಳೆ, ಆಕೆಗೆ ಸಾಲ ಕೊಟ್ಟವರಲ್ಲಿ ತಾವೂ ಒಬ್ಬರು, ಹೇಳುವುದೇನಾದರೂ ಇದ್ದರೆ ಇಂಥ ದಿನ ಬಂದು ಹೇಳಿ ಎಂದು ಅದರಲ್ಲಿತ್ತು. 

ಹಂಸ ಹೊರಗಿನವಳೇನಲ್ಲ. ಮುನಿಶಾಮಮ್ಮನ ತಂಗಿಯ ಮಗಳು. ತಾಯಿಯನ್ನು ಚಿಕ್ಕಂದಿನಲ್ಲೇ ಕಳೆದುಕೊಂಡು ಆ ಮನೆಯಲ್ಲೇ ಉಂಡು ಬೆಳೆದವಳು. ಆ ಮನೆಯ ಮುಂದಿನ ಚಪ್ಪರದಲ್ಲೇ ಧಾರೆಯೆರೆಸಿಕೊಂಡು ಹಲಸೂರಿಗೆ ಬಂದವಳು. ತವರು ಎಂದು ಬೆರಳು ತೋರಿಸಲು ಅವಳಿಗೆ ಇದ್ದದ್ದು ಅದೊಂದೇ ಬಾಗಿಲು. ಈ ಸುದ್ದಿ ಅವಳಿಗೆ ತಲುಪಿದ್ದು ಹೊರಮಾವಿನಲ್ಲಿದ್ದ ಮಗಳು ದಿವ್ಯಳ ಫೋನಿನಿಂದ. ನೋಟೀಸಿನ ಫೋಟೊ ಆಗಲೇ ನೆಂಟರ ವಾಟ್ಸಾಪಿನಲ್ಲೆಲ್ಲ ಹರಿದಾಡುತ್ತಿತ್ತು. ಇನ್ನೂ ಕೆಲವು ನೆಂಟರ ಮನೆಗಳಿಗೂ ಅಂಥದೇ ನೋಟೀಸು ಹೋಗಿತ್ತು.

"ಏನಮ್ಮ ಮಾಡ್ಬಿಟ್ಟೆ?" ಎಂದಳು ದಿವ್ಯ. "ಮುಯ್ಯೀನ ಯಾರಾದ್ರೂ ಸಾಲ ಅಂತ ಬರೆಸ್ತಾರಾ?"

ಬರೆಸಿದ್ದಳು ಹಂಸ. ಬರೆಸುವಾಗ ಅವಳ ಮನಸ್ಸಿನಲ್ಲಿ ಕಪಟವಿರಲಿಲ್ಲ.

ಹಲಸೂರಿನ ಬಜಾರ್ ಬೀದಿಯ ಹಿಂದಿನ ಗಲ್ಲಿಯಲ್ಲಿ ಅವಳ ಗಂಡ ಕೆಂಪರಾಜನದು ಶಾಮಿಯಾನದ ಅಂಗಡಿ. ಶಾಮಿಯಾನ, ಕುರ್ಚಿ, ಅಡಿಗೆಯ ಪಾತ್ರೆ, ದೀಪದ ಸರ, ಎಲ್ಲವನ್ನೂ ಬಾಡಿಗೆಗೆ ಕೊಡುತ್ತಿದ್ದ. ವ್ಯಾಪಾರ ದೊಡ್ಡದಾಗಲಿ ಎಂದು ಗಂಡ ಹೆಂಡಿರಿಬ್ಬರೂ ಸಹಿ ಹಾಕಿ ಫೈನಾನ್ಸಿನವರಲ್ಲಿ ಸಾಲ ಎತ್ತಿ ಟೆಂಪೊ ತಂದರು. ಶಿವಾಜಿನಗರದ ಜಿಯಾವುಲ್ಲಾ ಸಾಹೇಬರ ಅಂಗಡಿಯಿಂದ ಹೊಸ ಬಟ್ಟೆ, ಪೈಪು ಉದ್ದರಿಯಲ್ಲಿ ಬಂತು. ಅದರ ಹಿಂದೆಯೇ ಕೊರೊನಾ ಬಂತು. ಮದುವೆಗಳು ನಿಂತವು, ಶಾಮಿಯಾನ ಎದ್ದರೆ ಸಾವಿನ ಮನೆಯ ಮುಂದೆ ಮಾತ್ರ. ಎರಡನೇ ಸಲ ರೋಗ ಬಂದಾಗ ಅದೇ ಶಾಮಿಯಾನ ಅವರ ಮನೆಯ ಮುಂದೆಯೇ ಎದ್ದಿತು, ಕೆಂಪರಾಜ ಹೋದ. ಆಮೇಲೆ ಮದುವೆಗಳೇನೋ ಮತ್ತೆ ಶುರುವಾದವು. ಆದರೆ ಎಲ್ಲವೂ ದೊಡ್ಡ ದೊಡ್ಡ ಕಲ್ಯಾಣಮಂಟಪಗಳಿಗೆ ಹೋದವು, ಅಲ್ಲಿ ಅಲಂಕಾರದಿಂದ ಎಲೆಯವರೆಗೆ ಎಲ್ಲ ಅವರದೇ. ಹಂಸ ಪಾತ್ರೆ ಬಾಡಿಗೆಯಲ್ಲಿ ಸಂಪಾದಿಸಿದ್ದು ಬಡ್ಡಿಗೆ ಕಟ್ಟಿದಳು. ಆನೆಯ ಹೊಟ್ಟೆಗೆ ಅರೆಕಾಸಿನ ಮಜ್ಜಿಗೆ.

ಜಿಯಾವುಲ್ಲಾ ಎರಡು ವರ್ಷ ತಡೆದರು. ಆಮೇಲೆ ದಾವೆ ಹಾಕಿ ಡಿಕ್ರಿ ಮಾಡಿಸಿಕೊಂಡರು. ಅಂಗಡಿಯ ಸಾಮಾನಿಗೆ ಜಪ್ತಿ ಬಂತು. ಸಾಲದ್ದಕ್ಕೆ, ನಿಮ್ಮ ಆಸ್ತಿಪಾಸ್ತಿಯನ್ನೆಲ್ಲ ಪ್ರಮಾಣ ಮಾಡಿ ತಿಳಿಸದಿದ್ದರೆ ಸಿವಿಲ್ ಜೈಲು ಎಂದು ಹೆದರಿಸುವ ಕಾಗದವೂ ಬಂತು. ಹಂಸ ಅದನ್ನು ಹಿಡಿದುಕೊಂಡು ಪುಲಿಕೇಶಿನಗರದಲ್ಲಿ ಬೇಕರಿಯೊಂದರ ಮೇಲಿನ ಮಹಡಿಯಲ್ಲಿದ್ದ ವಕೀಲೆ ಪ್ರಿಯದರ್ಶಿನಿಯ ಬಳಿಗೆ ಹೋದಳು.

ಪ್ರಿಯದರ್ಶಿನಿ ಲಿಂಗರಾಜಪುರದ ಹುಡುಗಿ. ಮನೆಮಾತು ತಮಿಳು, ಕನ್ನಡ ಬೀದಿಯಲ್ಲಿ ಕಲಿತದ್ದು, ಒಳ್ಳೆಯ ಮನಸ್ಸು. ಕೊಡಲಾಗದ ಸಾಲಕ್ಕೆ ಕಾನೂನಿನಲ್ಲಿ ದಾರಿಯಿದೆ, ಜನ ಅದನ್ನು ಐಪಿ ಹಾಕುವುದು ಎನ್ನುತ್ತಾರೆ ಎಂದು ಬಿಡಿಸಿ ಹೇಳಿದಳು. ಇರುವುದನ್ನೆಲ್ಲ ಕೋರ್ಟಿಗೆ ಒಪ್ಪಿಸಬೇಕು. ಕೋರ್ಟು ನೇಮಿಸುವ ರಿಸೀವರ್ ಅದನ್ನು ಮಾರಿ ಸಾಲ ಕೊಟ್ಟವರಿಗೆಲ್ಲ ಅವರವರ ಪಾಲಿನಂತೆ ಹಂಚುತ್ತಾರೆ. ನಡತೆ ಸರಿಯಾಗಿದ್ದರೆ, ಉಳಿದ ಸಾಲದಿಂದ ಕೋರ್ಟು ಒಂದು ದಿನ ಬಿಡುಗಡೆ ಕೊಡುತ್ತದೆ. ಆದರೆ ಒಂದು ಷರತ್ತು. ಯಾರಿಗೆಲ್ಲ ಕೊಡಬೇಕೋ ಅವರೆಲ್ಲರ ಹೆಸರನ್ನೂ ಪ್ರಮಾಣ ಮಾಡಿ ಬರೆದುಕೊಡಬೇಕು. ಒಂದೇ ಒಂದು ಹೆಸರು ಬಿಟ್ಟರೂ ಮುಚ್ಚಿಟ್ಟಿರೆಂದು ಹಿಡಿಯುತ್ತಾರೆ.

ಹಂಸ ಫೈನಾನ್ಸಿನವರ ಹೆಸರು ಹೇಳಿದಳು. ಜಿಯಾವುಲ್ಲಾರ ಹೆಸರು ಹೇಳಿದಳು. ಮಹಿಳಾ ಸಂಘದ ಹೆಸರು ಹೇಳಿದಳು. ಇಷ್ಟೇನಾ ಎಂದು ವಕೀಲೆ ಕೇಳಿದಳು. ಪ್ರಮಾಣವೆಂದರೆ ಪ್ರಮಾಣ. ಈ ಲೋಕದಲ್ಲಿ ತಾನು ಕೊಡಬೇಕಾದವರು ಯಾರು ಎಂದು ತನ್ನನ್ನೇ ಕೇಳಿಕೊಂಡರೆ ಅವಳಿಗೆ ಮೊದಲು ನೆನಪಾಗುತ್ತಿದ್ದದ್ದು ಫೈನಾನ್ಸಿನವರಲ್ಲ. ದಿವ್ಯಳ ಮದುವೆಯಲ್ಲಿ ಮುಯ್ಯಿ ಹಾಕಿದ ಮನೆಗಳು. ದೊಡ್ಡಮ್ಮ ಮುನಿಶಾಮಮ್ಮನ ಮನೆಯಿಂದ ಉಂಗುರ, ಹಿತ್ತಾಳೆ ಬಿಂದಿಗೆ, ಮೂಟೆ ಅಕ್ಕಿ, ಮೇಲಿಷ್ಟು ದುಡ್ಡು ಬಂದಿತ್ತು. ಆ ಮನೆಗಳಲ್ಲಿ ಮದುವೆಯಾದಾಗ ಅಷ್ಟನ್ನೂ, ಅದರ ಮೇಲೊಂದಿಷ್ಟನ್ನೂ ತಿರುಗಿ ಹಾಕಬೇಕು. ಹಾಕದೆ ಸತ್ತರೆ ಆ ಭಾರ ಮಕ್ಕಳ ತಲೆಗೆ ಬರುತ್ತದೆ. ಅಲ್ಲದೆ ಅವಳ ಮನಸ್ಸಿಗೆ ಇನ್ನೊಂದೂ ಹೊಳೆಯಿತು. ಅಂಗಡಿ ಮಾರಿ ಎಲ್ಲರಿಗೂ ಹಂಚುವುದಾದರೆ ಆ ಮನೆಗಳಿಗೂ ಒಂದು ಪಾಲು ಹೋಗಲಿ, ಯಾವನೋ ಫೈನಾನ್ಸಿನವನೇ ಎಲ್ಲ ಹೊತ್ತುಕೊಂಡು ಹೋಗುವುದು ಯಾವ ನ್ಯಾಯ?

ಹೇಳಿದಳು. ಮುಯ್ಯಿ ಅಂದರೇನು ಎಂದು ಪ್ರಿಯದರ್ಶಿನಿ ಕೇಳಿದಳು. ಅವರು ನಮಗೆ ಕೊಟ್ಟಿದ್ದಾರೆ, ನಾವು ತಿರುಗಿ ಕೊಡಬೇಕು ಎಂದಳು ಹಂಸ. ಬಡ್ಡಿ ಉಂಟೇ? ಇಲ್ಲ. ಪತ್ರ? ಇಲ್ಲ. ವಕೀಲೆ ತಲೆಯಾಡಿಸಿ, ಅದನ್ನೆಲ್ಲ ಕೈಸಾಲವೆಂದು ಬರೆಸಿದಳು. ಬರೆದದ್ದನ್ನು ಓದಿ ಹೇಳಿದಾಗ ಕೈಸಾಲ ಎಂಬ ಮಾತು ಹಂಸಳಿಗೆ ಸರಿಯೆನಿಸಲಿಲ್ಲ. ಆದರೆ ಕೋರ್ಟಿನ ಭಾಷೆ ಹೀಗೇ ಇರಬೇಕೆಂದುಕೊಂಡು ಸಹಿ ಹಾಕಿಬಿಟ್ಟಳು.

ಈಗ ಫೋನು ಇಟ್ಟವಳೇ ಕೆ.ಆರ್. ಪುರದ ಬಸ್ಸು ಹತ್ತಿದಳು. ದೊಡ್ಡಮ್ಮ ಜಗಲಿಯ ಮೇಲೆ ಕಾಲು ಚಾಚಿ ಕೂತು ಎಲೆಗೆ ಸುಣ್ಣ ಸವರುತ್ತಿದ್ದರು. ಒಳಗೆ ಬಾ ಎನ್ನಲಿಲ್ಲ. ಚಪ್ಪಲಿ ಬಿಟ್ಟು ಅಂಗಳದಲ್ಲಿ ನಿಂತವಳನ್ನು ನೋಡದೆಯೇ ಕೇಳಿದರು.

"ಸಾಲಗಾರಳು ಅಂತ ಬಂದ್ಯೋ, ಮಗಳು ಅಂತ ಬಂದ್ಯೋ?"

ಹಂಸ ನಡೆದದ್ದೆಲ್ಲ ಹೇಳಿದಳು. ಜೈಲಿನ ಮಾತು, ಪ್ರಮಾಣದ ಮಾತು, ಒಂದು ಹೆಸರು ಬಿಟ್ಟರೂ ತಪ್ಪಾಗುತ್ತದೆಂದದ್ದು, ಅವರಿಗೂ ಒಂದು ಪಾಲು ಬರಲಿ ಎಂದುಕೊಂಡದ್ದು. ದೊಡ್ಡಮ್ಮ ಕೇಳುತ್ತಲೇ ಇದ್ದರು. ಎಲೆ ಮಡಚಿ ಬಾಯಿಗಿಟ್ಟುಕೊಂಡ ಮೇಲೆ ಮಾತಾಡಿದರು.

"ಪಾಲು ಕೊಡಿಸ್ತೀಯಾ ನಂಗೆ? ನಿನ್ ಗಂಡನ ಪಾತ್ರೆ ಪಡಗ ಹರಾಜ್ ಹಾಕಿ ಬಂದಿದ್ರಲ್ಲಿ ಸುನಿಲನ ಮದುವೆ ಮಾಡ್ಬೇಕಾ ನಾನು? ಮಿಕ್ಕಿದ್ದು ಕೋರ್ಟು ಮನ್ನಾ ಮಾಡುತ್ತಂತೆ. ಮುಯ್ಯಿ ಮನ್ನಾ ಮಾಡೋಕೆ ಅದ್ಯಾವ ಕೋರ್ಟು? ಮನ್ನಾ ಆದ್ಮೇಲೆ ನೀನ್ ನಮಗೇನೇ, ನಾವ್ ನಿನಗೇನೇ?"

ಹಂಸ ಕಾಲು ಹಿಡಿಯಲು ಬಾಗಿದಳು. ದೊಡ್ಡಮ್ಮ ಕಾಲನ್ನು ಮಡಚಿಕೊಂಡರು. ಬಾಗಿಲಲ್ಲಿ ನಿಂತಿದ್ದ ಸೊಸೆ ಮಾತ್ರ ಮೆಲ್ಲಗೆ, ಅತ್ತೆ ಹೇಳುವವರೆಗೆ ಲಗ್ನಪತ್ರಿಕೆ ಹಲಸೂರಿಗೆ ಬರುವುದಿಲ್ಲ, ಬೇಜಾರು ಮಾಡ್ಕೋಬೇಡಿ ಎಂದು ತಿಳಿಸಿದಳು. ತಿರುಗಿ ಬರುವಾಗ ಟಿನ್ ಫ್ಯಾಕ್ಟರಿಯ ಹತ್ತಿರ ಬಸ್ಸು ನಿಂತಲ್ಲೇ ನಿಂತಿತ್ತು. ಹಂಸ ಕಿಟಕಿಗೆ ತಲೆಯಾನಿಸಿದಳು. ಅಂಗಡಿ ಹೋಗುತ್ತದೆಂದು ತಿಳಿದ ದಿನ ಅವಳು ಅತ್ತಿರಲಿಲ್ಲ. ಗಂಡ ಕಟ್ಟಿದ್ದು ಗಂಡನ ಹಿಂದೆಯೇ ಹೋಯಿತೆಂದು ಸಮಾಧಾನ ಹೇಳಿಕೊಂಡಿದ್ದಳು. ಇದಕ್ಕೆ ಅಂಥ ಸಮಾಧಾನವೂ ಇರಲಿಲ್ಲ. ಮದುವೆಯ ದಿನ ತವರಿನ ಚಪ್ಪರಕ್ಕೆ ಕಾಲಿಡದ ಹೆಣ್ಣು ಆಮೇಲೆ ಯಾವ ಮುಖ ಹೊತ್ತುಕೊಂಡು ಆ ಬೀದಿಗೆ ಹೋದಾಳು?

ಅಡಕತ್ತರಿಯ ಇನ್ನೊಂದು ಅಲಗು ಆಮೇಲೆ ಬಂತು. ಜಿಯಾವುಲ್ಲಾರ ವಕೀಲರು ತಕರಾರು ಸಲ್ಲಿಸಿದರು. ಪಟ್ಟಿಯಲ್ಲಿರುವ ನೆಂಟರ ಸಾಲಗಳೆಲ್ಲ ಬೋಗಸ್, ಪತ್ರವಿಲ್ಲ, ಸಾಕ್ಷಿಯಿಲ್ಲ, ನಿಜವಾಗಿ ಸಾಲ ಕೊಟ್ಟವರ ಪಾಲನ್ನು ಕಡಿಮೆ ಮಾಡಲು ಹುಟ್ಟಿಸಿದ ಹೆಸರುಗಳು, ಪ್ರಮಾಣ ಮಾಡಿ ಸುಳ್ಳು ಹೇಳಿದವಳ ಅರ್ಜಿಯನ್ನು ವಜಾ ಮಾಡಬೇಕು ಎಂದು. ವಜಾ ಆದರೆ ಹಳೆಯ ಜಪ್ತಿ, ಹಳೆಯ ಜೈಲಿನ ಕಾಗದ ಎರಡೂ ಮತ್ತೆ ಜೀವ ತಳೆಯುತ್ತವೆ.

ಪ್ರಿಯದರ್ಶಿನಿಯ ಮುಖ ಸಣ್ಣಗಾಯಿತು. ಆ ನೆಂಟರಲ್ಲಿ ಒಬ್ಬರಾದರೂ ಬಂದು ಸಾಲ ಕೊಟ್ಟದ್ದು ನಿಜ ಎಂದರೆ ಸಾಕು ಎಂದಳು.

"ಒಂದೇ ಮಾತು ಆಂಟಿ. ಹೌದು, ಸಾಲ ಅಂತ ಅಂದ್ಬಿಟ್ರೆ ನೀವ್ ಸೇಫ್. ದೊಡ್ಡಮ್ಮಂಗೆ ಹೇಳಿ ನೋಡಿ."

ಹಂಸ ಹೇಳಲು ಹೋಗಲಿಲ್ಲ. ಆ ಮಾತು ದೊಡ್ಡಮ್ಮನ ಬಾಯಿಂದ ಬಂದರೆ ತಾನು ಜೈಲಿನಿಂದ ಉಳಿಯುತ್ತೇನೆ, ತವರಿಗೆ ಉಳಿಯುವುದಿಲ್ಲ. ಮುಯ್ಯಿಯನ್ನು ಸಾಲವೆಂದು ನಾಲ್ಕು ಜನರ ಮುಂದೆ ಒಪ್ಪಿದ ಮೇಲೆ ದೊಡ್ಡಮ್ಮ ತಮ್ಮ ನೆಂಟರ ಮುಂದೆಯೂ ತಲೆಯೆತ್ತುವಂತಿಲ್ಲ. ಕೊಟ್ಟದ್ದನ್ನು ಕೋರ್ಟಿನಲ್ಲಿ ಕೇಳಿದ ಮನೆಯೆಂದು ಹೆಸರಾಗುತ್ತದೆ. ಅಲ್ಲವೆಂದರೆ ತಾನು ಸುಳ್ಳುಗಾತಿ. ಎರಡರಲ್ಲಿ ಯಾವುದು ಬೇಕೆಂದು ಕೇಳುವ ಅಧಿಕಾರ ತನಗಿಲ್ಲವೆಂದು ಹಂಸ ತೀರ್ಮಾನಿಸಿದಳು.

ವಿಚಾರಣೆಯ ದಿನ ಮೇಯೋ ಹಾಲಿನ ಕೋರ್ಟಿನ ಮೊಗಸಾಲೆಯಲ್ಲಿ ನಿಲ್ಲಲು ಜಾಗವಿರಲಿಲ್ಲ. ನೋಟೀಸು ಹೋಗಿದ್ದ ಮಿಕ್ಕ ನೆಂಟರು ಯಾರೂ ಬಂದಿರಲಿಲ್ಲ. ಗೋಡೆಗೊರಗಿ ನಿಂತಿದ್ದ ಹಂಸಳ ಪಕ್ಕಕ್ಕೆ ಜಿಯಾವುಲ್ಲಾ ಬಂದು ನಿಂತರು. ಬಿಳಿ ಗಡ್ಡ, ಇಸ್ತ್ರಿ ಮಾಡಿದ ಜುಬ್ಬ. ದಿವ್ಯಳ ಮದುವೆಗೆ ಮೊದಲ ಪಂಕ್ತಿಯಲ್ಲಿ ಕೂತು ಉಂಡವರು, ಬೆಳ್ಳಿಯ ಲೋಟ ಕೊಟ್ಟವರು. 

"ಮುಯ್ಯಿ ಸುಳ್ಳಲ್ಲ ಅಂತ ನಂಗೂ ಗೊತ್ತು ಹಂಸಮ್ಮ," ಎಂದರು ಸಾಹೇಬರು. "ವಕೀಲ್ರು ಬರೆದ್ರು, ನಾನ್ ಸೈನ್ ಹಾಕ್ದೆ. ನಂಗೂ ಮಾಲ್ ಕೊಟ್ಟೋರು ಬಾಗ್ಲಲ್ಲಿ ಕೂತವ್ರೆ. ಮಗಳ ನಿಕಾ ಎರಡು ಸಲ ಮುಂದಕ್ಕೆ ಹಾಕಿದೀನಿ. ಕೆಂಪಣ್ಣನ ಮುಖ ನೋಡ್ಕೊಂಡು ಎಷ್ಟ್ ದಿನ ಇರ್ಲಿ ಹೇಳಿ."

ಹಂಸಳಿಗೆ ಕೋಪ ಬರಬೇಕಾಗಿತ್ತು, ಬರಲಿಲ್ಲ. ಅವರು ಕೊಟ್ಟ ಬಟ್ಟೆಯ ನೆರಳಲ್ಲಿ ತಾನು ವರ್ಷಗಟ್ಟಲೆ ಅನ್ನ ತಿಂದಿದ್ದೇನೆ, ಅವರು ಕೇಳುವುದು ನ್ಯಾಯ ಎಂದೇ ಅನಿಸಿತು. ನಿಮಗೆ ಬರಬೇಕಾದದ್ದು ಬರಲಿ ಸಾಹೇಬರೇ ಎಂದಷ್ಟೇ ಹೇಳಿದಳು.

ಆ ಹೊತ್ತಿಗೆ ಜವಾನ ಬಾಗಿಲಿಗೆ ಬಂದು ಮುನಿಶಾಮಮ್ಮನ ಹೆಸರನ್ನು ಮೂರು ಸಲ ಕೂಗಿದ. ಊರಿನಲ್ಲಿ ಆ ಹೆಸರನ್ನು ಹಾಗೆ ಬರಿದಾಗಿ ಯಾರೂ ಕರೆದಿರಲಿಲ್ಲ. ಮೆಟ್ಟಿಲ ಕಡೆಯಿಂದ ಕೋಲೂರಿಕೊಂಡು ದೊಡ್ಡಮ್ಮ ಬಂದರು. ಸೊಸೆಯ ತೋಳು ಹಿಡಿದಿದ್ದರು, ಜರಿಯಂಚಿನ ಸೀರೆ ಉಟ್ಟಿದ್ದರು. ಹಂಸಳ ಮುಂದೆಯೇ ಹಾದರೂ ಮುಖ ನೋಡಲಿಲ್ಲ.

ಒಳಗೆ ಜಿಯಾವುಲ್ಲಾರ ವಕೀಲರೇ ಮೊದಲು ಎದ್ದರು. ಈಕೆಗೆ ಸಾಲ ಕೊಟ್ಟಿದ್ದೀರಾ ಎಂದು ಕೇಳಿದರು.

"ಸಾಲ ಯಾಕ್ ಕೊಡ್ಲಿ ಸ್ವಾಮಿ, ಸಾಕಿದ್ ಮಗ್ಳಿಗೆ?"

ವಕೀಲರು ನ್ಯಾಯಾಧೀಶರ ಕಡೆ ತಿರುಗಿ ಕೈ ಚಾಚಿದರು, ಇನ್ನೇನು ಬೇಕು ಎನ್ನುವಂತೆ.  ಪ್ರಿಯದರ್ಶಿನಿ ಎದ್ದು, ಹಾಗಾದರೆ ಏನನ್ನೂ ಕೊಟ್ಟಿಲ್ಲವೇ ಅಜ್ಜಿ ಎಂದು ಕೇಳಿದಳು. ಕೊಟ್ಟಿದ್ದೇನೆ, ಮುಯ್ಯಿ ಹಾಕಿದ್ದೇನೆ ಎಂದು ದೊಡ್ಡಮ್ಮ ಉಂಗುರ ಬಿಂದಿಗೆಗಳನ್ನೆಲ್ಲ ಹೇಳಿದರು. ಅದು ತಿರುಗಿ ಬರಬೇಕೋ ಬೇಡವೋ? ಬರಬೇಕು. ಹಾಗಾದರೆ ಸಾಲವೇ ಆಯಿತಲ್ಲ? ಅಲ್ಲ.

ನ್ಯಾಯಾಧೀಶರು ಬರೆಯುವುದನ್ನು ನಿಲ್ಲಿಸಿ, ಕನ್ನಡಕ ತೆಗೆದಿಟ್ಟು, ಏನಿದು ಬಿಡಿಸಿ ಹೇಳಿ ಎಂದರು.

ದೊಡ್ಡಮ್ಮ ಕೋಲನ್ನು ಎರಡೂ ಕೈಯಲ್ಲಿ ಹಿಡಿದುಕೊಂಡರು. "ಸಾಲ ಆದ್ರೆ ಕೊಟ್ಟೋಳು ಕೇಳ್ಬೋದು ಸ್ವಾಮಿ. ಮುಯ್ಯಿ ಕೇಳೋ ಹಾಗಿಲ್ಲ. ಬಾಯ್ಬಿಟ್ಟು ಕೇಳಿದ್ರೆ ಅಲ್ಲಿಗೆ ನೆಂಟಸ್ತನ ಮುಗೀತು. ಅವಳ ಕೈಲಾದಾಗ ತರ್ತಾಳೆ. ಆಗ್ಲಿಲ್ಲ ಅಂದ್ರೆ ಅವಳ ಮಗಳು ತರ್ತಾಳೆ. ನಾನ್ ಸತ್ತೋಗಿದ್ರೂ ನಮ್ ಮನೆಗೇ ತರ್ತಾರೆ. ಇದಕ್ಕೆ ಕೋರ್ಟ್ ಯಾಕೆ?"

ಹಾಗಾದರೆ ಈಕೆ ಪ್ರಮಾಣ ಮಾಡಿ ಸಾಲವೆಂದು ಬರೆದುಕೊಟ್ಟಿದ್ದು ಸುಳ್ಳೆಂದಾಯಿತಲ್ಲ ಎಂದು ವಕೀಲರು ಹಿಡಿದರು.

ದೊಡ್ಡಮ್ಮ ಆಗ ಮೊದಲ ಬಾರಿಗೆ ಹಂಸಳ ಕಡೆ ನೋಡಿದರು. ನೋಟದಲ್ಲಿ ಕರುಣೆಯೇನೂ ಇರಲಿಲ್ಲ. ಬೆಳಗಿದ ಪಾತ್ರೆಯಲ್ಲಿ ಕಲೆ ಹುಡುಕುವ ಹಾಗೆ ನೋಡಿದರು.

"ಸುಳ್ಳಲ್ಲ, ತಪ್ಪು. ಸುಳ್ಳು ಹೇಳೋಳಾಗಿದ್ರೆ ನಮ್ ಹೆಸ್ರೇ ಎತ್ತುತಿರ್ಲಿಲ್ಲ. ಪತ್ರ ಇದ್ಯಾ, ಸಾಕ್ಷಿ ಇದ್ಯಾ? ಬಿಟ್ಬಿಟ್ಟಿದ್ರೆ ಯಾರ್ ಕೇಳ್ತಿದ್ರು? ಕೊಡ್ಬೇಕು ಅನ್ನೋದು ತಲೇಲಿ ಕೂತಿತ್ತು, ಹೇಳ್ಬಾರದ ಜಾಗದಲ್ಲಿ ಹೇಳವ್ಳೆ. ನಾನೇ ಬೆಳೆಸಿದ್ದು, ಅಷ್ಟು ದಡ್ಡಿ ಅಂತ ಗೊತ್ತಿರ್ಲಿಲ್ಲ."

ಕೋರ್ಟಿನಲ್ಲಿ ಯಾರೋ ನಕ್ಕು, ತಕ್ಷಣ ಬಾಯಿ ಮುಚ್ಚಿಕೊಂಡರು. ನ್ಯಾಯಾಧೀಶರು ಬೀದರದ ಕಡೆಯವರಂತೆ. ಅವರು ವಕೀಲರಿಬ್ಬರನ್ನೂ ಕೂರಿಸಿ, ನಮ್ಮ ಕಡಿ ಇದಕ್ಕ ಆಯೇರಿ ಅಂತಾರ ಎಂದು ತಮ್ಮಷ್ಟಕ್ಕೇ ಹೇಳಿಕೊಂಡರು. ಆಮೇಲೆ ಇಂಗ್ಲಿಷಿನಲ್ಲಿ ಬಹಳ ಹೊತ್ತು ಬರೆಸಿದರು. ಹಂಸ ಅವರ ತುಟಿಗಳನ್ನೇ ನೋಡುತ್ತ ನಿಂತಳು. ಒಂದು ಅಕ್ಷರವೂ ತಲೆಗೆ ಹೋಗಲಿಲ್ಲ.

ಹೊರಗೆ ಬಂದ ಮೇಲೆ ಪ್ರಿಯದರ್ಶಿನಿ ತಿಳಿಸಿದಳು. ಕೊಟ್ಟವರೇ ಕೇಳುವಂತಿಲ್ಲದ ಬಾಕಿ ಕಾನೂನಿನ ಕಣ್ಣಿಗೆ ಸಾಲವಲ್ಲ. ಆದ್ದರಿಂದ ನೆಂಟರ ಹೆಸರುಗಳನ್ನೆಲ್ಲ ಪಟ್ಟಿಯಿಂದ ತೆಗೆದುಹಾಕಿದ್ದಾರೆ. ಆದರೆ ಬರೆಸಿದ್ದರಲ್ಲಿ ಮೋಸವಿಲ್ಲ, ತಿಳಿವಳಿಕೆಯ ತಪ್ಪು. ಅರ್ಜಿಯನ್ನು ಒಪ್ಪಿ ದಿವಾಳಿಯೆಂದು ಸಾರಿದ್ದಾರೆ. ಅಂಗಡಿ, ಟೆಂಪೊ ರಿಸೀವರ್ ವಶಕ್ಕೆ ಹೋಗುತ್ತವೆ. ಜಿಯಾವುಲ್ಲಾರಿಗೂ ಮಿಕ್ಕವರಿಗೂ ಅವರ ಪಾಲು ಅಲ್ಲಿಂದಲೇ. ಜೈಲಿನ ಭಯವಿಲ್ಲ.

"ಆದ್ರೆ ಒಂದು ಆಂಟಿ," ಎಂದಳು ಅವಳು. "ಪಟ್ಟಿಯಿಂದ ತೆಗೆದಿದ್ದಕ್ಕೆ ಬಿಡುಗಡೆ ಸಿಗಲ್ಲ. ಬೇರೆ ಸಾಲ ಎಲ್ಲ ಒಂದಿನ ಹೋಗ್ಬೋದು. ಮುಯ್ಯಿ ನಿಮ್ಮ ತಲೆ ಮೇಲೇ ಇರುತ್ತೆ."

ಹಂಸ ಕಣ್ಣೊರೆಸಿಕೊಂಡಳು. ಇರಲಿ ಎಂದಳು. ಅದನ್ನು ಹೇಳುವಾಗ ಅವಳ ದನಿ ಎಷ್ಟೋ ತಿಂಗಳ ಮೇಲೆ ಗಟ್ಟಿಯಾಗಿತ್ತು.

ಮೆಟ್ಟಿಲ ಕೆಳಗೆ ಸೊಸೆ ಆಟೊ ಹುಡುಕಲು ಹೋಗಿದ್ದಳು. ದೊಡ್ಡಮ್ಮ ಒಬ್ಬರೇ ಮರದ ಕಟ್ಟೆಯ ಮೇಲೆ ಕೂತಿದ್ದರು. ಹಂಸ ಹತ್ತಿರ ಹೋಗಿ ನಿಂತಳು.  ಹೋಗು ಎನ್ನಲಿಲ್ಲ ದೊಡ್ಡಮ್ಮ, ಕೂತ್ಕೋ ಎಂದೂ ಹೇಳಲಿಲ್ಲ.

"ನನ್ ಹೆಸ್ರು ಕಳ್ಳನ ಹೆಸ್ರು ಕೂಗ್ದಂಗೆ ಕೂಗ್ಸಿದ್ಯಲ್ಲೇ," ಎಂದರು ಕೊನೆಗೆ. "ಅದು ಸಾಯೋವರ್ಗೂ ಮರೆಯೋಲ್ಲ ನಾನು."

"ಗೊತ್ತು ದೊಡ್ಡಮ್ಮ."

ಆಟೊ ಬಂದು ನಿಂತಿತು. ಸೊಸೆ ಕೈ ಕೊಟ್ಟು ಎಬ್ಬಿಸಿದಳು. ಒಳಗೆ ಕೂತು ಸೆರಗು ಸರಿಮಾಡಿಕೊಂಡ ಮೇಲೆ ದೊಡ್ಡಮ್ಮ ಡ್ರೈವರನಿಗೆ ಇನ್ನೂ ಹೊರಡಬೇಡವೆಂದು ಕೈ ತೋರಿದರು.

"ಮುಯ್ಯಿ ಯಾವಾಗ ತರ್ತೀಯ ಅಂತ ಕೇಳೋ ಹಕ್ಕು ನಂಗಿಲ್ಲ. ಮದುವೆಗೆ ಯಾಕ್ ಬರ್ಲಿಲ್ಲ ಅಂತ ಕೇಳೋ ಹಕ್ಕಿದೆ. ಆ ಮಾತು ಕೇಳಿಸ್ಕೋಬೇಡ."

ಲಗ್ನಪತ್ರಿಕೆ ಬರಲೇ ಇಲ್ಲ. ಬರುತ್ತದೆಂದು ಹಂಸ ಕಾಯಲೂ ಇಲ್ಲ. ಮನೆಯ ಮಗಳಿಗೆ ಕಾಗದವೆಂಥದು ಎಂದುಕೊಂಡು ಚಪ್ಪರದ ದಿನ ಬೆಳಿಗ್ಗೆಯೇ ಹೊರಟಳು. ಹೂವು ಮುಡಿಯಲಿಲ್ಲ, ಇದ್ದುದರಲ್ಲಿ ಒಳ್ಳೆಯ ಸೀರೆ ಉಟ್ಟಳು. ಕೈಯಲ್ಲಿ ಏನೂ ಇರಲಿಲ್ಲ. ಬರಿಗೈಯಲ್ಲಿ ಮದುವೆಮನೆಗೆ ಹೋಗುವುದು ಎಂಥ ನಾಚಿಕೆಯೆಂದು ಬಸ್ಸಿನ ಉದ್ದಕ್ಕೂ ಅನಿಸಿತು. ಎರಡು ಸಲ ಇಳಿದು ವಾಪಸು ಹೋಗೋಣವೆಂದೂ ಅನಿಸಿತು. ಇಳಿಯಲಿಲ್ಲ.

ಅಂಗಳದಲ್ಲಿ ಗಂಡಸರು ಚಪ್ಪರಕ್ಕೆ ಸೊಪ್ಪು ಹೊದಿಸುತ್ತಿದ್ದರು. ಅವರಲ್ಲಿ ನೋಟೀಸು ಹೋಗಿದ್ದ ಮನೆಯವರೂ ಇದ್ದರು. ಒಬ್ಬರು ಮುಖ ತಿರುಗಿಸಿದರು, ಒಬ್ಬರು ಬಂದ್ಯಾ ಎಂದರು. ಹಂಸ ಪಕ್ಕದ ಸಂದಿಯಿಂದ ಹಿತ್ತಲಿಗೆ ಹೋದಳು. ಅಲ್ಲಿ ಚಾಪೆ ಹಾಸಿ ಹೆಂಗಸರೆಲ್ಲ ಸುತ್ತ ಕೂತು, ನೆನೆದ ಅವರೆಕಾಳನ್ನು ಹಿತಕಿ ಸಿಪ್ಪೆ ಬಿಡಿಸುತ್ತಿದ್ದರು. ಇವಳನ್ನು ಕಂಡೂ ಯಾರ ಕೈಗಳೂ ನಿಲ್ಲಲಿಲ್ಲ. ದೊಡ್ಡಮ್ಮ ಅಡಿಗೆಮನೆಯ ಹೊಸ್ತಿಲಲ್ಲಿ ಕೂತು ಯಾರಿಗೋ ಬೆಲ್ಲ ತೂಗಿಸುತ್ತಿದ್ದರು. ಅವರು ಇತ್ತ ತಿರುಗಲಿಲ್ಲ.

ಚಾಪೆಯ ತುದಿಯಲ್ಲಿದ್ದ ಸೊಸೆ ಒಂದಿಷ್ಟು ಸರಿದಳು. ಹಂಸ ಆ ಜಾಗದಲ್ಲಿ ಕೂತು ಅವರೆಕಾಳಿನ ಮೊರವನ್ನು ಮುಂದಕ್ಕೆ ಎಳೆದುಕೊಂಡಳು.